ಶಹಜಾದಿ ಆಪಾ ಕೊಟ್ಟ ದೇಗ್ಚಿ

ತಪ್ಪು ಮಾಡಿದವರು ಮೊದಲು ಕಾರಣ ಹೇಳುತ್ತಾರೆ. ನಾನೂ ಅದನ್ನೇ ಮಾಡುತ್ತೇನೆ. ಹದಿನಾರು ವರ್ಷದಿಂದ ಹೈಸ್ಕೂಲಿನಲ್ಲಿ ವಿಜ್ಞಾನ ಹೇಳಿಕೊಡುವವಳು, ಕಾರಣವಿಲ್ಲದೆ ಕಾರ್ಯವಿಲ್ಲ ಎಂದು ಮಕ್ಕಳ ತಲೆಗೆ ತುಂಬಿ ತುಂಬಿ ನನಗೂ ಅದೇ ಚಟವಾಗಿದೆ.

ಕಾರಣ ನಮ್ಮಪ್ಪ. ಹೆಸರು ಮುನಿಗಂಗಪ್ಪ, ಊರು ಕೆಂಚಾರ್ಲಹಳ್ಳಿ. ಹೋದ ವರ್ಷದ ಕೊನೆಗೆ ಅವನ ನಾಲಿಗೆಯ ಬುಡದಲ್ಲಿ ಗಡ್ಡೆ ಎದ್ದಿತು. ಬೆಂಗಳೂರಿನಲ್ಲಿ ಮೂವತ್ತು ದಿನ ಕ್ಯಾನ್ಸರಿನ ಕರೆಂಟು ಕೊಡಿಸಿ, ಶಿಡ್ಲಘಟ್ಟದ ನಮ್ಮ ಮನೆಗೇ ಕರೆದುಕೊಂಡು ಬಂದೆವು. ರೋಗ ಹೋಯಿತು ಎಂದರು ಡಾಕ್ಟರು. ಆದರೆ ಬಾಯೊಳಗೆಲ್ಲ ಹಸಿ ಹುಣ್ಣು. ಸಾರಿನ ಒಂದು ಹನಿ ತಾಗಿದರೂ ಕಣ್ಣಲ್ಲಿ ನೀರು ಬರುತ್ತಿತ್ತು. ಮೂರು ತಿಂಗಳು ಬರೀ ರಾಗಿ ಅಂಬಲಿ, ಕಿವುಚಿದ ಮಜ್ಜಿಗೆ ಅನ್ನ. ಆಳು ಅರ್ಧವಾಗಿ ಹೋದ.

ಒಂದು ಕಾಲಕ್ಕೆ ಹಂದಿ ಬಾಡಿನ ಸಾರಿಗೆ ಎರಡು ಮುದ್ದೆ ಇಳಿಸಿ, ಬಟ್ಟಲು ನೆಕ್ಕಿ, ಇನ್ನೂ ಇದೆಯಾ ಎಂದು ಅಡುಗೆಮನೆಗೆ ಇಣುಕುತ್ತಿದ್ದ ಮನುಷ್ಯ ಅವನು. ಏಪ್ರಿಲ್ ತಿಂಗಳ ಒಂದು ಮಧ್ಯಾಹ್ನ ಅಂಬಲಿಯ ಲೋಟ ಪಕ್ಕಕ್ಕಿಟ್ಟು, ಯಾರಿಗೂ ಅಲ್ಲ ಎಂಬಂತೆ, ಒಂದು ಚೂರು ಬಾಡು ತಿಂದು ಹೋಗಿದ್ದರೆ ಸಾಕಾಗಿತ್ತು ಎಂದ. ಎಲ್ಲಿಗೆ ಹೋಗುತ್ತೀಯ, ಬಸ್ಸು ಹೊರಟಿದೆಯಾ ಎಂದು ಬೈದೆ. ಬೈದು ಅಡುಗೆಮನೆಗೆ ಹೋಗಿ ಅತ್ತೆ.

ಆಮೇಲೆ ಫೋನಿನಲ್ಲಿ ಹುಡುಕಿದೆ. ಯಾವುದೋ ದೇಶದ ಹೆಂಗಸು ಹಂದಿಯ ಭುಜದ ಮಾಂಸವನ್ನು ಇಡಿಯಾಗಿಯೇ ನಾಲ್ಕು ಗಂಟೆ ಸಣ್ಣ ಉರಿಯಲ್ಲಿ ಬೇಯಿಸಿ, ಮೇಲೆ ಕೆನೆಯ ಗೊಜ್ಜು ಸುರಿಯುತ್ತಾಳೆ. ಮೆಣಸಿನಕಾಯಿ ಇಲ್ಲ, ಹುಳಿ ಇಲ್ಲ. ಚಮಚ ತಾಗಿದರೆ ಸಾಕು, ಮಾಂಸ ಎಳೆಎಳೆಯಾಗಿ ಬಿಡುತ್ತದೆ. ಇದನ್ನು ಅಪ್ಪ ನುಂಗಬಲ್ಲ ಅನ್ನಿಸಿತು. ಒಂದು ವಾರ ಹಾಲಿನ ಕೆನೆ ತೆಗೆದು ತೆಗೆದು ಫ್ರಿಜ್ಜಿನಲ್ಲಿ ಕೂಡಿಟ್ಟೆ.

ಇನ್ನು ದೇಗ್ಚಿಯ ವಿಷಯ. ನಮ್ಮ ಹಿತ್ತಲಿಗೂ ಶಹಜಾದಿ ಆಪಾ ಹಿತ್ತಲಿಗೂ ನಡುವೆ ಎದೆಮಟ್ಟದ ಒಂದು ಗೋಡೆ. ಆಪಾ ಗಂಡ ಉಸ್ಮಾನ್ ಸಾಬರದು ರೇಷ್ಮೆ ನೂಲು ತೆಗೆಯುವ ಕೆಲಸ. ಆ ಗೋಡೆಯ ಮೇಲೆ ಹನ್ನೊಂದು ವರ್ಷದಿಂದ ದಾಟಿ ಬಂದಿರುವ, ದಾಟಿ ಹೋಗಿರುವ ಪಾತ್ರೆಗಳಿಗೆ ಲೆಕ್ಕವಿಲ್ಲ. ದೇಗ್ಚಿ ಅಂದರೆ ಬಿರಿಯಾನಿ ಮಾಡುವ ತಾಮ್ರದ ಪಾತ್ರೆ, ದಪ್ಪ ತಳ, ಒಳಗೆಲ್ಲ ಕಲಾಯಿ. ಆಪಾಗೆ ಅವರ ಅಮ್ಮ ಮದುವೆಯಲ್ಲಿ ಕೊಟ್ಟದ್ದು. ಏಪ್ರಿಲ್ ಹದಿನಾಲ್ಕಕ್ಕೆ ಬಾಬಾಸಾಹೇಬರ ಜಯಂತಿಗೆಂದು ನಮ್ಮ ಬೀದಿಗೆಲ್ಲ ಪಾಯಸ ಮಾಡಲು ನಾನು ಪಾತ್ರೆ ಕೇಳಿದಾಗ, ಆಪಾ ಅದನ್ನೇ ಎತ್ತಿ ಗೋಡೆಯ ಮೇಲಿಟ್ಟರು. ಪಾಯಸ ಮುಗಿಯಿತು. ದೇಗ್ಚಿ ನಮ್ಮ ಅಟ್ಟಣಿಗೆಯ ಮೇಲೇ ಉಳಿಯಿತು. ಇವತ್ತು ಕೊಡೋಣ, ನಾಳೆ ಕೊಡೋಣ ಎಂದು ಸೋಮಾರಿತನ.

ಭಾನುವಾರ ಬೆಳಿಗ್ಗೆ ನನ್ನ ಗಂಡ ಮಧುಸೂದನ್ ಚಿಕ್ಕಬಳ್ಳಾಪುರದವರೆಗೂ ಬೈಕಿನಲ್ಲಿ ಹೋಗಿ ಭುಜದ ಮಾಂಸ ತಂದರು, ಕರಿ ಕವರಿನೊಳಗೆ ಇನ್ನೊಂದು ಕರಿ ಕವರು. ನಮ್ಮ ಅಲ್ಯೂಮಿನಿಯಂ ಪಾತ್ರೆಯಲ್ಲಿ ಇಟ್ಟೆ. ಇಪ್ಪತ್ತೇ ನಿಮಿಷ, ಸೀದ ವಾಸನೆ ಬಂತು. ತಳ ತೆಳ್ಳಗೆ, ಉರಿ ಎಷ್ಟು ಇಳಿಸಿದರೂ ಕಚ್ಚಿಕೊಳ್ಳುತ್ತಿತ್ತು. ಒಂದು ಮಗ್ಗುಲು ಕರ್ರಗಾದ ಮಾಂಸವನ್ನು ತಟ್ಟೆಗೆತ್ತಿ ನಿಂತೆ. ಕುಕ್ಕರಿಗೆ ಅಷ್ಟು ದೊಡ್ಡ ತುಂಡು ಹಿಡಿಯುವುದಿಲ್ಲ. ಪಡಸಾಲೆಯಲ್ಲಿ ಅಪ್ಪ ಬೆಳಗಿನ ಅಂಬಲಿ ಬೇಡವೆಂದು ಕೂತಿದ್ದ, ಹೊಟ್ಟೆಯಲ್ಲಿ ಜಾಗ ಇರಲಿ ಎಂದು.

ತಲೆ ಎತ್ತಿದರೆ ದೇಗ್ಚಿ.

ಮಧು ನನ್ನ ಕಣ್ಣು ಹೋದ ಕಡೆ ನೋಡಿ, ಅದು ಅವರದ್ದಲ್ವಾ ಎಂದರು. ಗೊತ್ತು ಎಂದೆ. ತೊಳೆದರೆ ಹೋಗುತ್ತದೆ, ಕೊಬ್ಬು ಸೋಪಿಗೆ ಬಿಡದೆ ಇರುತ್ತದಾ, ಪಾತ್ರೆಗೆ ಏನು ಗೊತ್ತು ಎಂದು ಪಾಠ ಒಪ್ಪಿಸಿದೆ. ನಾಳೆಯೇ ಆಪಾಗೆ ಹೇಳಿಬಿಡುತ್ತೇನೆ ಎಂದೂ ಅಂದೆ. ಅವರು ಸುಮ್ಮನಾದರು. ನಾನು ದನಿ ಏರಿಸಿದಾಗ ಅವರು ಸುಮ್ಮನಾಗುವುದು ವಾಡಿಕೆ, ಆವತ್ತು ಮಾತ್ರ ಆಗಬಾರದಿತ್ತು.

ಸೀದದ್ದನ್ನು ಕೆರೆದು ತೆಗೆದು ಮಾಂಸವನ್ನು ದೇಗ್ಚಿಗೆ ಹಾಕಿದೆ. ಈರುಳ್ಳಿ, ಬೆಳ್ಳುಳ್ಳಿ, ಪಲಾವಿನ ಎಲೆ, ಒಂದು ಬಟ್ಟಲು ಹಾಲು. ಕೆಳಗೆ ಕಬ್ಬಿಣದ ಹಂಚು, ಮುಚ್ಚಳದ ಸುತ್ತ ಗೋಧಿ ಹಿಟ್ಟಿನ ಪಟ್ಟಿ, ಹಬೆ ಹೋಗದಂತೆ. ಹೀಗೆ ದಮ್ ಕಟ್ಟುವುದನ್ನು ನನಗೆ ಕಲಿಸಿದವರು ಕೂಡ ಶಹಜಾದಿ ಆಪಾನೇ. ಹಿಟ್ಟು ಮೆತ್ತುವಾಗ ಅದು ನೆನಪಾಯಿತು. ಕೈ ನಿಲ್ಲಲಿಲ್ಲ.

ನಾಲ್ಕು ಗಂಟೆ. ಹಿತ್ತಲ ಬಾಗಿಲು ಹಾಕಿಕೊಂಡು ಕೂತಿದ್ದೆ. ಮಾಂಸ ತೆಗೆದು, ಉಳಿದ ರಸ ಸೋಸಿ, ಗೋಡಂಬಿ ಅರೆದು ಬೆರೆಸಿ, ಒಲೆ ಆರಿಸಿದ ಮೇಲೆ ಕೆನೆ ಹಾಕಿದೆ. ಬಿಸಿಯಲ್ಲಿ ಹಾಕಿದರೆ ಒಡೆಯುತ್ತದೆ. ಬಿಳಿ ಗೊಜ್ಜು ಮಂದವಾಗಿ, ನುಣ್ಣಗೆ ಬಂತು. ಅಪ್ಪ ಮೊದಲನೆಯ ತುತ್ತನ್ನು ಬಾಯಲ್ಲೇ ಇಟ್ಟುಕೊಂಡು ಹುಣ್ಣು ಉರಿಯುತ್ತದೇನೋ ಎಂದು ಕಾದ. ಉರಿಯಲಿಲ್ಲ. ಆಮೇಲೆ ಮಾತಿಲ್ಲದೆ ಎರಡು ಬಟ್ಟಲು ತಿಂದ. ನನ್ನ ಜೀವನದಲ್ಲಿ ಅಷ್ಟು ಸಂತೋಷ ಕೊಟ್ಟ ಅಡುಗೆ ಇನ್ನೊಂದಿಲ್ಲ, ಆ ವಿಷಯದಲ್ಲಿ ಸುಳ್ಳು ಹೇಳಲಾರೆ.

ತೊಳೆದೆ. ಸೋಡಾಪುಡಿ ಹಾಕಿ ಮೂರು ಸಲ ನೀರು ಕುದಿಸಿದೆ, ಒಳಗೆ ಸೋಪು, ಹೊರಗೆ ಹುಣಸೆಹಣ್ಣು ಉಜ್ಜಿದೆ. ಮೂಗು ಹತ್ತಿರ ಇಟ್ಟು ನೋಡಿದೆ. ಏನೂ ಇರಲಿಲ್ಲ. ವಿಜ್ಞಾನದ ಪ್ರಕಾರ ಆ ಪಾತ್ರೆ ಆಪರೇಷನ್ ಥಿಯೇಟರಿನ ಕತ್ತರಿಯಷ್ಟು ಚೊಕ್ಕಟ. ಸೋಮವಾರ ಹೇಳಲು ಹೋದಾಗ ಆಪಾ ಮನೆಯಲ್ಲಿ ನೆಂಟರಿದ್ದರು. ಮಂಗಳವಾರ ಯಾರೂ ಇರಲಿಲ್ಲ, ಆಪಾ ಒಬ್ಬರೇ ಇದ್ದರು, ಹಾಗಾಗಿ ನಾನೇ ಹೋಗಲಿಲ್ಲ. ಹೆದರಿದ್ದೆ. ನಾವು ಚಿಕ್ಕವರಿದ್ದಾಗ ಊರಿನ ಟೀ ಅಂಗಡಿಯಲ್ಲಿ ಅಪ್ಪನ ಲೋಟ ಹೊರಗೆ, ಗೂಟದಲ್ಲಿ ಬೇರೆ ಇರುತ್ತಿತ್ತು. ಕುಡಿದು ಅಪ್ಪನೇ ತೊಳೆದಿಡಬೇಕು. ಆಗ ಅಂಗಡಿಯವನ ಮುಖದಲ್ಲಿ ಇದ್ದದ್ದು ಆಪಾ ಮುಖದಲ್ಲೂ ಬಂದುಬಿಟ್ಟರೆ? ನಮ್ಮನ್ನು ಹನ್ನೊಂದು ವರ್ಷದಲ್ಲಿ ಒಂದು ದಿನವೂ ಹಾಗೆ ನೋಡದ ಮುಖ ಅದು.

ಬುಧವಾರ ಆಪಾನೇ ಗೋಡೆಯ ಹತ್ತಿರ ಬಂದು ಕೂಗಿದರು. ಮಗಳು ಸಾಬ್ರೀನ್ ನಿಶ್ಚಿತಾರ್ಥ ಗೊತ್ತಾಗಿದೆ, ಹುಡುಗ ಫರ್ದೀನ್, ಗೌರಿಬಿದನೂರಿನವರು, ಶುಕ್ರವಾರ ಮಧ್ಯಾಹ್ನ ನಮಾಜ್ ಆದ ಮೇಲೆ ಮೂವತ್ತು ಜನ ಬರುತ್ತಾರೆ. ನೀನು ಬೆಳಗಿನಿಂದಲೇ ಇರಬೇಕು, ಸಾಬ್ರೀನ್ ಪಕ್ಕ ಕೂರಬೇಕು ಎಂದರು. ಆಮೇಲೆ ದೇಗ್ಚಿ ಕೇಳಿದರು. ಈಗ ಹೇಳು, ಈಗ ಹೇಳು ಎಂದು ನನಗೆ ನಾನೇ ಹೇಳಿಕೊಂಡೆ. ಒಳಗೆ ಹೋಗಿ ತಂದೆ. ನಕ್ಕೆ. ಮುಬಾರಕ್ ಆಪಾ ಎಂದೆ. ಗೋಡೆಯ ಮೇಲಿಂದ ಎರಡೂ ಕೈಯಲ್ಲಿ ಕೊಟ್ಟೆ. ಆಪಾ ಅದನ್ನು ಬಿಸಿಲಿಗೆ ಹಿಡಿದು, ನನಗಿಂತ ಚೆನ್ನಾಗಿ ಬೆಳಗಿದ್ದೀಯಲ್ಲೇ ಎಂದು ಮೆಚ್ಚಿಕೊಂಡರು.

ಗುರುವಾರ ಸಂಜೆ ಸಾಬ್ರೀನ್ ಒಂದು ಬಟ್ಟಲು ಖೀರು ತಂದಳು. ನಾಳೆಯ ಅಡುಗೆಗೆ ಮೊದಲು ಮನೆಮಂದಿಗೆ ಸಿಹಿ ಮಾಡಿದ್ದಂತೆ, ದೇಗ್ಚಿಯಲ್ಲಿ, ಅವರ ಅಜ್ಜಿಯೂ ಎರಡು ಸಲ ಹಾಕಿಸಿಕೊಂಡು ತಿಂದರಂತೆ. ಆಕೆ ಆಪಾ ಅತ್ತೆ, ಐದು ಹೊತ್ತು ನಮಾಜ್ ತಪ್ಪಿಸದ ಮುದುಕಿ. ಅಪ್ಪ ಖುಷಿಯಿಂದ ತಿನ್ನತೊಡಗಿದ. ನಾನು ಚಮಚ ಮುಟ್ಟಲಿಲ್ಲ. ಯಾಕೆ ಎಂದು ಕೇಳಿದ. ಸುಳ್ಳು ಹೇಳಲು ಶಕ್ತಿಯಿರಲಿಲ್ಲ, ಎಲ್ಲ ಹೇಳಿದೆ. ನಿನಗೋಸ್ಕರ ಮಾಡಿದೆ ಎಂದೂ ಸೇರಿಸಿದೆ. ಆ ಮಾತು ಸೇರಿಸಿದ್ದಕ್ಕೆ ಇವತ್ತಿಗೂ ನಾಚಿಕೆಯಾಗುತ್ತದೆ, ತಿಂದವನ ತಲೆಗೂ ಸ್ವಲ್ಪ ಪಾಪ ಕಟ್ಟಲು ನೋಡಿದೆ.

ಅಪ್ಪ ಬಟ್ಟಲು ಕೆಳಗಿಟ್ಟ. ತೊಳೆದಿದ್ದೀನಪ್ಪ, ಒಂದು ಚೂರೂ ಉಳಿದಿಲ್ಲ ಎಂದು ನಾನು ಮತ್ತೆ ಸೋಡಾಪುಡಿಯ ಪಾಠ ಶುರುಮಾಡಿದೆ. ಅವನ ಮಾತು ಈಗ ತೊದಲು, ಆದರೂ ಇದನ್ನು ಬಿಡಿಸಿ ಬಿಡಿಸಿ ಹೇಳಿದ:

"ಪಾತ್ರೆ ಅವ್ರದು ಕಣಮ್ಮ. ಚೊಕ್ಕಟ ಆಯ್ತೋ ಇಲ್ವೋ ಅಂತ ಅವ್ರು ಹೇಳ್ಬೇಕು. ನೀನ್ ಹೇಳೋಕ್ ಆಗಲ್ಲ."

ಟೀ ಅಂಗಡಿಯ ಲೋಟಕ್ಕೂ ಇದಕ್ಕೂ ಏನು ವ್ಯತ್ಯಾಸ ಎಂದು ಕೇಳಿದೆ. ಅಲ್ಲೂ ಮುಟ್ಟಿದ್ದೇ ತಪ್ಪು, ಇಲ್ಲೂ ಮುಟ್ಟಿದ್ದೇ ತಪ್ಪು ಅಲ್ಲವಾ ಎಂದೆ, ನನ್ನ ಜಾಣತನಕ್ಕೆ ನಾನೇ ಜೋತುಬಿದ್ದು. ಅಪ್ಪ ತಲೆಯಾಡಿಸಿದ. ಅಂಗಡಿಯವನು ನಮ್ಮನ್ನೇ ಹೊರಗಿಟ್ಟಿದ್ದ, ಈಯಮ್ಮ ನಿನ್ನನ್ನು ಒಳಗೆ ಕರೆದು ಅಮ್ಮನ ಪಾತ್ರೆ ಕೊಟ್ಟಳು, ಅವಳು ತಿನ್ನದೆ ಬಿಟ್ಟದ್ದು ಒಂದೇ ಒಂದು ವಸ್ತು, ಅದನ್ನೇ ಅದರಲ್ಲಿ ಹಾಕಿದೆ ಎಂದ. ಆಮೇಲೆ ಎದ್ದು ಹೋಗಿ ಮಲಗಿದ. ಖೀರು ಅರ್ಧ ಉಳಿದಿತ್ತು.

ಶುಕ್ರವಾರ ಬೆಳಿಗ್ಗೆ ಏಳಕ್ಕೆ ಹೋದೆ. ಗೋಡೆಯ ಬಳಿ ನಿಂತು ಹೇಳುವ ಮಾತಲ್ಲ, ಬೀದಿಯ ಬಾಗಿಲಿನಿಂದಲೇ ಹೋದೆ. ಆಪಾ ಹಿತ್ತಲಲ್ಲಿ ಒಬ್ಬರೇ ಈರುಳ್ಳಿ ಹೆಚ್ಚುತ್ತಿದ್ದರು. ಮೂರು ಕಲ್ಲಿನ ಒಲೆಯ ಮೇಲೆ ದೇಗ್ಚಿ ಕೂರಿಸಿತ್ತು, ಇನ್ನೂ ಉರಿ ಹಾಕಿರಲಿಲ್ಲ. ಬಂದ್ಯಾ, ಈ ಕಡೆಯ ರಾಶಿ ನಿಂದು ಎಂದು ಚಾಕು ಚಾಚಿದರು. ನಾನು ಚಾಕು ತೆಗೆದುಕೊಳ್ಳದೆ ನಿಂತಲ್ಲೇ ಹೇಳಿದೆ. ಅಪ್ಪನ ಬಾಯಿಯಿಂದ ಶುರುಮಾಡಿದ್ದೆ, ಅರ್ಧಕ್ಕೇ ಬಿಟ್ಟು ನೇರವಾಗಿ ಹೇಳಿದೆ. ಭಾನುವಾರ ನಿಮ್ಮ ದೇಗ್ಚಿಯಲ್ಲಿ ಹಂದಿ ಮಾಂಸ ಬೇಯಿಸಿದೆ ಆಪಾ.

ನಾನು ಅವರ ಮುಖವನ್ನೇ ನೋಡುತ್ತಿದ್ದೆ. ನಾನು ಹೆದರಿದ್ದ ಮುಖ ಬರಲಿಲ್ಲ. ಅಸಹ್ಯ ಇರಲಿಲ್ಲ ಅದರಲ್ಲಿ. ಈರುಳ್ಳಿಗೆ ಕಣ್ಣು ಮೊದಲೇ ಒದ್ದೆಯಾಗಿದ್ದವು, ಅಷ್ಟೆ. ಮುಖ ನಿಧಾನವಾಗಿ ಖಾಲಿಯಾಗುತ್ತಾ ಹೋಯಿತು. ನಿನ್ನೆ ಅತ್ತೆ ತಿಂದರಲ್ಲ ಎಂದರು, ತಮಗೇ ಎಂಬಂತೆ. ಎದ್ದು, ಉರಿಯಿಲ್ಲದಿದ್ದರೂ ಸೆರಗಿನಿಂದ ಹಿಡಿದು ದೇಗ್ಚಿಯನ್ನು ಒಲೆಯಿಂದ ಇಳಿಸಿದರು. ನಾನು ಕೈ ಹಾಕಲು ಹೋದೆ. ಬೇಡ ಎಂದರು.

ನನ್ನ ಬಾಯಿ ಸುಮ್ಮನಿರಲಿಲ್ಲ. ಹೊಸ ಕಲಾಯಿ ಹಾಕಿಸಿಕೊಡುತ್ತೇನೆ, ಹೊಸ ದೇಗ್ಚಿಯನ್ನೇ ತಂದುಕೊಡುತ್ತೇನೆ, ಮೂರು ಸಲ ಕುದಿಸಿದ್ದೇನೆ ಎಂದು ಏನೇನೋ ಅಂದೆ. ಆಪಾ ನನ್ನ ಮಾತು ಮುಗಿಯುವವರೆಗೂ ಕಾದರು. ಆಮೇಲೆ ದನಿ ಏರಿಸದೆ ಹೇಳಿದರು:

"ಪಾತ್ರೆ ಪಾಕ್ ಮಾಡೋಕೆ ನಮ್ಮಲ್ಲಿ ದಾರಿ ಇದೆ ತನುಜ. ಮಸೀದಿ ಹಜರತ್ರನ್ನ ಕೇಳಿದ್ರೆ ಹೇಳ್ತಾರೆ, ತೊಳ್ಕೋತೀನಿ. ನಿಮ್ಮಪ್ಪಾಜಿಗೆ ಅಂತ ಆವತ್ತೇ ಹೇಳಿದ್ರೆ, ಬೇರೆ ಪಾತ್ರೆ ನಾನೇ ಹುಡುಕಿ ಕೊಡ್ತಿದ್ದೆ. ಬುಧವಾರ ನಗ್ತಾ ನಗ್ತಾ ನನ್ ಕೈಗೆ ಕೊಟ್ಯಲ್ಲ. ಅದನ್ನ ಯಾವ ನೀರಲ್ಲಿ ತೊಳೀಲಿ ನಾನು?"

ಅತ್ತೆಗೆ ಹೇಳುತ್ತೀರಾ ಎಂದು ಮಾತ್ರ ಕೇಳಿದೆ. ಹೇಳದೆ ಇರೋಕೆ ನಾನೇನು ನೀನಾ ಎಂದು ಅವರು ಕೇಳಬಹುದಿತ್ತು, ಕೇಳಲಿಲ್ಲ. ಇವತ್ತು ಮಗಳ ದಿನ, ನಾಳೆ ಹೇಳ್ತೀನಿ ಎಂದರು. ಸಾಬ್ರೀನ್ ಎದ್ದು ಬರುವ ಸದ್ದಾಯಿತು. ಅವಳು ಬರುವುದರೊಳಗೆ ನೀನು ಹೋಗು ಎಂದರು. ಸಿಟ್ಟಿನಿಂದ ಅಂದಿದ್ದರೆ ಎಷ್ಟೋ ಚೆನ್ನಾಗಿತ್ತು.

ಒಂಬತ್ತಕ್ಕೆ ಉಸ್ಮಾನ್ ಸಾಬರು ಆಟೋದಲ್ಲಿ ಬಾಡಿಗೆ ಪಾತ್ರೆ ತಂದರು. ಮಧ್ಯಾಹ್ನ ಗೋಡೆಯಾಚೆ ಗೌರಿಬಿದನೂರಿನವರ ಗದ್ದಲ, ಮಕ್ಕಳ ಓಡಾಟ, ದಮ್ ಬಿಚ್ಚಿದ ಬಿರಿಯಾನಿಯ ವಾಸನೆ. ಹೊಸ ಸೀರೆ ಮಂಚದ ಮೇಲೆ ಮಡಿಸಿಟ್ಟ ಹಾಗೇ ಇತ್ತು. ಯಾರೂ ಕರೆಯಲು ಬರಲಿಲ್ಲ. ಕರೆಯಲೆಂದು ಕಾಯುವ ಹಕ್ಕೂ ನನಗಿರಲಿಲ್ಲ, ಆದರೂ ಬಾಗಿಲ ಹತ್ತಿರವೇ ಏನಾದರೂ ಕೆಲಸ ಹಚ್ಚಿಕೊಂಡು ಸುಳಿದಾಡುತ್ತಿದ್ದೆ.

ನಾಲ್ಕು ಗಂಟೆಗೆ ಸಾಬ್ರೀನ್ ಬಂದಳು, ಕೈತುಂಬ ಮೆಹಂದಿ, ಉಂಗುರ. ಅವಳಿಗೆ ಏನೂ ಗೊತ್ತಿರಲಿಲ್ಲ. ನೀವ್ಯಾಕೆ ಬರಲಿಲ್ಲ ಆಂಟಿ, ಹುಷಾರಿಲ್ವಂತೆ, ಅಮ್ಮಿ ಹೇಳಿದರು ಎಂದಳು. ನನ್ನ ಪರವಾಗಿ ಆಪಾ ಒಂದು ಸುಳ್ಳು ಹೇಳಿದ್ದರು. ಒಂದು ಊಟದ ಡಬ್ಬ ಕೈಗೆ ಕೊಟ್ಟಳು. ಒಳಗೆ ಮೆಣಸಿನಕಾಯಿ ಹಾಕದೆ, ಮಾಂಸದ ಸಾರಿನಲ್ಲೇ ಮೆತ್ತಗೆ ಬೇಯಿಸಿದ ಅನ್ನ, ಬೇರೆಯಾಗಿಯೇ ಮಾಡಿದ್ದು. ಮೂವತ್ತು ಜನರ ಗಡಿಬಿಡಿಯಲ್ಲಿ.

"ತಾತಂಗೆ ಮಾತ್ರ ಅಂತ ಹೇಳಿ ಕೊಟ್ರು ಅಮ್ಮಿ," ಎಂದಳು.

ಅಪ್ಪನಿಗೆ ತಟ್ಟೆಗೆ ಹಾಕಿಕೊಟ್ಟೆ. ಅವನು ಒಂದು ತುತ್ತು ಬಾಯಿಗಿಟ್ಟು, ಎರಡನೆಯದನ್ನು ನನ್ನ ಕಡೆ ಚಾಚಿದ. ಬೇಡಪ್ಪ, ಅದು ನಿನಗೆ ಕೊಟ್ಟಿರೋದು ಎಂದೆ. ಅವನು ನನ್ನ ಮುಖ ನೋಡಿ ಕೈ ಹಿಂದಕ್ಕೆ ತೆಗೆದುಕೊಂಡ, ಮತ್ತೆ ಒತ್ತಾಯ ಮಾಡಲಿಲ್ಲ. ಬೆಳಗಿನಿಂದ ನನಗೆ ಊಟವಾಗಿರಲಿಲ್ಲ. ಅವನು ತಟ್ಟೆ ಖಾಲಿ ಮಾಡುವವರೆಗೂ ಎದುರಿಗೇ ಕೂತಿದ್ದೆ, ಒಂದು ಅಗುಳನ್ನೂ ಮುಟ್ಟಲಿಲ್ಲ.