ಎದೆಯ ಸೀಟಿ

ಮಂಜು ಮಾಸ್ಕಿನ ಎಡಗಡೆಯಿಂದ ಸೋರಿಹೋಗುತ್ತಿದೆ, ಔಷಧಿಯ ಮಂಜು, ಒಳಗೆ ಹೋಗಬೇಕಾದದ್ದು ಮುದುಕನ ಗಡ್ಡ ತೋಯಿಸಿದರೆ ಏನು ಬಂತು, ಮಾರ್ಲಿಸ್ ಎಲಾಸ್ಟಿಕ್ ಬಿಗಿಯುತ್ತಾಳೆ, ಬೆನ್ನಿಗೆ ದಿಂಬು ಒತ್ತಿ ಅವನನ್ನು ಇನ್ನೂ ನೆಟ್ಟಗೆ ಕೂರಿಸುತ್ತಾಳೆ, ನಿಧಾನ ಎಳ್ಕೊಳ್ಳಿ ಆರ್ವೋ, ಬಾಯಲ್ಲಿ, ಹಾಂ, ಹಾಗೇ — ಈಗಷ್ಟೇ ಅವನ ಮಗಳು ಕಾರಿನ್ ಎಷ್ಟು ಖುಷಿಯಿಂದ ಹೇಳಿದ್ದಳು, ಅಬ್ಬ ಸಿಸ್ಟರ್, ಬೆಳಗಿಂದ ಕುಂಯ್‌ಗುಡ್ತಿದ್ದ ಸೀಟಿ ನಿಂತೇಹೋಯ್ತು ನೋಡಿ, ಅಪ್ಪಂಗೆ ನಿದ್ದೆ ಹತ್ತಿದೆ, ನಿದ್ದೆಯಂತೆ ನಿದ್ದೆ, ಸ್ಟೆತಾಸ್ಕೋಪ್ ಇಟ್ಟರೆ ಸೀಟಿಯೂ ಇಲ್ಲ ಗಾಳಿಯೂ ಇಲ್ಲ, ಸೀಟಿ ಊದುವುದಕ್ಕಾದರೂ ಗಾಳಿ ಬೇಡವೇ, ಕರೆಗಂಟೆ ಒತ್ತಿದಳು, ಡಾಕ್ಟರು ಓಡಿ ಬಂದರು, ಸೂಜಿಯೂ ಆಯಿತು, ಈ ಮಂಜನ್ನ ನಿಲ್ಲಿಸ್ಬೇಡ ಮಾರ್ಲಿಸ್, ನಾಡಿ ನೋಡ್ತಿರು, ನೋಡುತ್ತಲೇ ಇದ್ದಾಳೆ, ಬೆರಳ ಕೆಳಗೆ ನಾಡಿ ಓಡುತ್ತಿದೆ, ಈ ಔಷಧಿಯೇ ಹಾಗೆ, ಉಸಿರಿನ ಕೊಳವೆ ಬಿಚ್ಚುವಾಗ ಗುಂಡಿಗೆಯನ್ನೂ ಓಡಿಸುತ್ತದೆ, ಕೊಳವೆ ಬಿಚ್ಚದೆ ಗುಂಡಿಗೆಯೇ ಸೋತರೆ? ದೇವರೇ, ಊದು ಮಾರಾಯ, ಒಂದೇ ಒಂದು ಸಲ ಊದು — ಮಾರ್ಲಿಸ್ ಚಿಕ್ಕವಳಿದ್ದಾಗ ಡುಲೂತ್ ಬಂದರನ್ನೂ ಮಂಜು ಹೀಗೇ ಮುಚ್ಚುತ್ತಿತ್ತು, ಅಪ್ಪ ಅದಿರಿನ ಹಡಗಿನಲ್ಲಿ, ಅಮ್ಮ ಅಡುಗೆಮನೆಯ ಕಿಟಕಿಯಲ್ಲಿ, ಒಲೆಯ ಮೇಲೆ ಆಲೂಗಡ್ಡೆ, ಕೈಯಲ್ಲಿ ಗೀರದ ಬೆಂಕಿಕಡ್ಡಿ, ಹಸಿವಾಗ್ತಿದೆ ಅಮ್ಮ, ಸುಮ್ನಿರೇ, ಮೊದ್ಲು ಕೇಳು, ಅಪ್ಪನ ಹಡಗಿನ ಕೊಂಬು ಕೇಳಬೇಕು, ಒಂದು ಉದ್ದ, ಎರಡು ಗಿಡ್ಡ, ಹಡಗಿಗೆ ದಾರಿ ಬಿಡಲು ಮೇಲೇಳುವ ಎತ್ತುಸೇತುವೆ ಹಾಗೇ ಕೂಗಿ ಓಗೊಡಬೇಕು, ಅಲ್ಲಿಯವರೆಗೆ ಒಲೆ ತಣ್ಣಗೆ, ಅಮ್ಮನ ಬೆರಳಲ್ಲಿ ಆ ಕಡ್ಡಿ —

ಅಯ್ಯೋ ಸಿಸ್ಟರ್, ಮತ್ತೆ ಶುರುವಾಯ್ತಲ್ಲ! ಕಾರಿನ್ ಎದ್ದು ನಿಂತಿದ್ದಾಳೆ, ಹೌದು, ಸಣ್ಣದು, ತುಕ್ಕು ಹಿಡಿದ ಕದ ತೆರೆದ ಹಾಗೆ, ಕುಂಯ್, ಮತ್ತೆ ಕುಂಯ್, ಸ್ಟೆತಾಸ್ಕೋಪ್ ಇಟ್ಟರೆ ಎರಡೂ ಕಡೆ, ಅಡಿಯವರೆಗೂ, ಅಳ್ಬೇಡ ಕಣೇ, ಇದು ಒಳ್ಳೇ ಸೀಟಿ, ಗಾಳಿ ಆಡ್ತಿದೆ, ಆಗ ಸುಮ್ನಾಗಿದ್ದೇ ಕೆಟ್ಟದ್ದು, ಹೇಳುತ್ತಾ ಹೇಳುತ್ತಾ ತನ್ನ ಕಣ್ಣೇ ತುಂಬಿದೆ, ಎಂಥ ನರ್ಸಮ್ಮನೋ ನೀನು, ಆರ್ವೋ ಕಣ್ಣು ಬಿಟ್ಟ, ಮಾಸ್ಕಿನೊಳಗಿಂದಲೇ, ನನ್ ಕೈ... ನಡುಗ್ತಿದೆ ಹುಡುಗಿ, ಔಷಧಿದು ಬಿಡಿ, ನನ್ನ ಅಂದ ನೋಡಿ ಅಲ್ಲ, ಎಂದಳು ಮಾರ್ಲಿಸ್, ಹಂಗಾದ್ರೆ ಕಾಫಿ... ನೀನೇ ಕುಡಿಸು, ಮಾತು ತುಂಡುತುಂಡು, ಆದರೂ ಮಾತು, ಡಾಕ್ಟರು ಸದ್ಯ ಬದುಕಿದ್ವಿ ಎಂದು ಉಸ್ಸೆಂದರು, ನಾಡಿ ಇನ್ನೂ ಓಡುತ್ತಿದೆ, ಓಡಲಿ, ತಾಳ ತಪ್ಪಿಲ್ಲ, ಮಂಜು ಈಗ ಒಳಕ್ಕೇ ಹೋಗುತ್ತಿದೆ, ಕುಂಯ್, ಕುಂಯ್, ಒಂದು ಉದ್ದ, ಎರಡು ಗಿಡ್ಡ, ಕಿಟಕಿಯಿಂದ ಅಮ್ಮ ತಿರುಗಿದಳು, ಕಡ್ಡಿ ಗೀರಿದಳು, ಹೊತ್ತಿಕೊಂಡಿತು, ಅಮ್ಮನ ಬೆರಳಲ್ಲಿ ಹೊತ್ತಿಕೊಂಡ ಆ ಕಡ್ಡಿ