ಗಡಿಕಲ್ಲಿನ ಕೆಳಗೆ

ಸಂಜೆ ಹುಲ್ಲಿನ ಹೊರೆ ಹೊತ್ತು ಬರುವಾಗ ಅಮ್ಮಾಜಮ್ಮ ಹೊಲದ ಮೂಲೆಯ ಹೊಂಗೆಮರದ ಕಡೆ ತಿರುಗಿ ನೋಡುತ್ತಿರಲಿಲ್ಲ. ನೋಡಿದರೂ ಬಿಟ್ಟರೂ ಅಲ್ಲಿಂದ ಮುಲುಕು ಕೇಳಿಸುತ್ತಿತ್ತು, ಉಸಿರು ಕಟ್ಟಿದ ಕೂಸಿನ ಮುಲುಕು. ಮಂಡಿಕಲ್ ಸುತ್ತಿನ ದೇವರಿಗೆಲ್ಲ ಹರಕೆ ಹೊತ್ತಾಯಿತು, ತಾಯತ ಕಟ್ಟಿಸಿಕೊಂಡದ್ದಾಯಿತು. ಕಣ್ಣಾರೆ ಕಂಡದ್ದನ್ನು ಯಾವ ತಾಯತ ತಾನೇ ಅಳಿಸೀತು?

ಆ ಮರದ ಬುಡದಲ್ಲಿ ಅವಳ ಚೊಚ್ಚಲ ಮಗಳಿದ್ದಳು. ಮೂರು ತಿಂಗಳ ಕೂಸು ಜ್ವರಕ್ಕೆ ಹೋದಾಗ ಮಾವ ವೆಂಕಟರಾಯಪ್ಪ ತಾನೇ ಮುಂದೆ ನಿಂತು ಸ್ವಂತ ಹೊಲದಲ್ಲೇ ಮಣ್ಣು ಮಾಡಿಸಿದ. ಹೆಂಗಸರು ಬರಕೂಡದು ಎಂದಿದ್ದರೂ ಅಮ್ಮಾಜಮ್ಮ ಬಣವೆಯ ಮರೆಯಲ್ಲಿ ನಿಂತು ನೋಡಿದಳು. ನರಿ ಕೆದಕದಿರಲೆಂದು ಎಳೆಕೂಸುಗಳ ಮೇಲೆ ಕಲ್ಲು ಹೇರುವುದುಂಟು. ಮಾವ ಹೇರಿಸಿದ್ದು ಸರ್ವೆಯವರು ಗುರುತು ಕೆತ್ತಿ ನೆಟ್ಟಿದ್ದ ಗಡಿಕಲ್ಲನ್ನು. ಅದನ್ನು ಕಿತ್ತ ಗುಂಡಿಯನ್ನೇ ಅಗಲ ಮಾಡಿಸಿ, ಕೂಸನ್ನು ಮಲಗಿಸಿ, ಕಲ್ಲನ್ನು ಮೇಲೆ ಅಡ್ಡ ಕೆಡವಿ ಮಣ್ಣೆಳೆಸಿದ. ಆಮೇಲೆ ಬೇಲಿ ಪಕ್ಕದ ಹೊಲದ ಮುನಿಗಂಗಪ್ಪನ ಜಮೀನಿನೊಳಕ್ಕೆ ಸರಿಯಿತು. ಊರಿನ ಗಡಿಜಗಳಕ್ಕೆಲ್ಲ ನ್ಯಾಯ ಹೇಳುವ ದೊಡ್ಡ ಮನುಷ್ಯನ ಕೆಲಸ ಇದು. ಬೇಲಿಯೇ ಎದ್ದು ಹೊಲ ಮೇಯ್ದಂತಾಯಿತು.

ಇಲ್ಲೊಂದು ಕಲ್ಲಿತ್ತು ಎಂದು ಮುನಿಗಂಗಪ್ಪ ಊರೆಲ್ಲ ಹೇಳಿಕೊಂಡು ತಿರುಗಿದ. ಸರ್ಕಾರ ಕೊಟ್ಟ ಭೂಮಿ, ಕೊಟ್ಟಷ್ಟಕ್ಕೆ ತೆಪ್ಪಗಿರಬಾರದೇ ಎಂದು ಊರು ನಕ್ಕಿತು. ಅಮ್ಮಾಜಮ್ಮ ಬಾಯಿ ಬಿಡಲಿಲ್ಲ. ಈಗ ಮಾವನೂ ಇಲ್ಲ, ಮುನಿಗಂಗಪ್ಪನೂ ಇಲ್ಲ. ಶಿಡ್ಲಘಟ್ಟದಲ್ಲಿ ಮೇಷ್ಟರಾಗಿರುವ ಅವನ ಮಗ ಗಂಗರಾಜು ಚಿಕ್ಕಬಳ್ಳಾಪುರದ ಕೋರ್ಟಿಗೆ ಹೋಗಿದ್ದ. ಹೊಲದ ಮೂಲೆಯಲ್ಲಿ ಕಲ್ಲೇ ಇರಲಿಲ್ಲವೆಂದು ಅಮ್ಮಾಜಮ್ಮನ ಮಗ ಮೋಹನ್‌ಬಾಬು ಜಿದ್ದಿಗೆ ಬಿದ್ದಿದ್ದ. ಅವನಿಗೆ ಅಕ್ಕ ಒಬ್ಬಳಿದ್ದದ್ದೇ ಗೊತ್ತಿರಲಿಲ್ಲ. ಅಳೆದು ನೋಡಿ ವರದಿ ಕೊಡಲು ಕೋರ್ಟು ತನುಜ ಎಂಬ ವಕೀಲೆಯನ್ನು ಕಮಿಷನರ್ ಮಾಡಿ, ಸರ್ವೆಯರ್ ಜೊತೆ ಕಳಿಸಿತು.

ಸರ್ವೆಯರ್ ನಕ್ಷೆ ಬಿಡಿಸಿ, ಯಂತ್ರ ನೆಟ್ಟು ಅಳೆಯುತ್ತಾ ಅಳೆಯುತ್ತಾ ನೆಟ್ಟಗೆ ಹೊಂಗೆಮರದ ಬುಡಕ್ಕೇ ಬಂದು ಸುಣ್ಣ ಚೆಲ್ಲಿದ. ಹಳೆಯ ಕಲ್ಲು ಹೂತಿದ್ದರೂ ಹೂತಿರಬಹುದು, ಅಗೆದು ನೋಡಬೇಕು ಎಂದ. ಅಗೀರಿ, ಏನೂ ಸಿಗಲ್ಲ ಎಂದು ಮೋಹನ್‌ಬಾಬುವೇ ಗಡಾರಿ ತಂದುಕೊಟ್ಟ. ಅಮ್ಮಾಜಮ್ಮ ಗಡಾರಿಯ ಮೊನೆಯನ್ನೇ ನೋಡಿದಳು. ಸುಮ್ಮನಿದ್ದರೆ ಕಬ್ಬಿಣ ಕೂಸಿಗೇ ತಗಲುತ್ತದೆ. ಹೇಳಿದರೆ ನೆಲ ಹೋಗುತ್ತದೆ, ಮನೆತನದ ಮಾನ ಹೋಗುತ್ತದೆ. ಮರದಡಿ ಹಾಡುಹಗಲಲ್ಲೇ ಮುಲುಕು ಕೇಳಿಸಿತು. ಉಳಿದವರಾರೂ ತಲೆಯೆತ್ತಲಿಲ್ಲ.

ಅವಳು ಹೋಗಿ ಸುಣ್ಣದ ಗುರುತಿನ ಮೇಲೆ ಕೂತಳು. ಕೂತು ಎಲ್ಲವನ್ನೂ ಹೇಳಿದಳು. ಮೋಹನ್‌ಬಾಬುವಿನ ಮುಖ ಕಪ್ಪಿಟ್ಟಿತು. ತಾಯಿಯ ಹೇಳಿಕೆ ಸಾಕು, ಅಗೆಯುವುದು ಬೇಡ ಎಂದು ಅಲ್ಲೇ ನಿಂತಿದ್ದ ಗಂಗರಾಜು ವಕೀಲೆಗೆ ಕೈ ಮುಗಿದ.

"ನಿನಗೆ ಸಾಕಪ್ಪ, ನನಗೆ ಸಾಕಾಗಲ್ಲ. ಕೂಸಿನ ಎದೆ ಮೇಲೆ ಅಷ್ಟು ದೊಡ್ಡ ಕಲ್ಲೈತೆ. ತೆಗೀರಿ" ಎಂದಳು ಅಮ್ಮಾಜಮ್ಮ.

ಗಡಾರಿ ಬದಿಗಿಟ್ಟು, ಆವರೆಗೆ ಮುಖ ಕೊಟ್ಟು ಮಾತಾಡದಿದ್ದ ಮೋಹನ್‌ಬಾಬು, ಗಂಗರಾಜು ಇಬ್ಬರೂ ಕೈಯಲ್ಲೇ ಮಣ್ಣು ಬಗೆದು ಕಲ್ಲನ್ನು ಎತ್ತಿದರು. ಕೆಳಗಿದ್ದದ್ದು ಬರೀ ಕೆಂಪು ಮಣ್ಣು. ಅಮ್ಮಾಜಮ್ಮ ಅದನ್ನು ಅಂಗೈಯಿಂದ ಸವರಿ ಸಮ ಮಾಡಿದಳು. ಕಾಯಿದೆ ಕೂಸನ್ನು ನೋಡುತ್ತದೆಯೇ? ಗಡಿ ಇರುವುದು ಇಲ್ಲೇ, ಕಲ್ಲನ್ನು ಮತ್ತೆ ಇಲ್ಲೇ ನೆಡಬೇಕು ಎಂದ ಸರ್ವೆಯರ್, ತಲೆ ತಗ್ಗಿಸಿಕೊಂಡು.

"ಒಂದು ಮಾರು ನಮ್ಮ ಕಡೆಗೆ ಸರಿಸಿ ನೆಡಿ ಸಾರ್" ಎಂದ ಗಂಗರಾಜು. "ಬೇಕಾದ್ರೆ ನಾನು ಬರ್ಕೊಡ್ತೀನಿ. ಕೂಸಿನ ಮೇಲೆ ಮಾತ್ರ ಬೇಡ."

ಮೋಹನ್‌ಬಾಬುವೂ ತಲೆಯಾಡಿಸಿದ. ತನುಜ ಅದನ್ನು ಇಬ್ಬರ ಒಪ್ಪಿಗೆಯೆಂದು ಬರೆದುಕೊಂಡಳು. ನೆಲ ಕಳೆದುಕೊಂಡವನ ಮಗ ಮತ್ತೆ ನೆಲ ಬಿಟ್ಟುಕೊಡುತ್ತಿದ್ದ. ಅಮ್ಮಾಜಮ್ಮನಿಗೆ ಭೂಮಿ ಬಾಯಿ ಬಿಡಬಾರದೇ ಎನ್ನಿಸಿತು.

"ನಿಮ್ಮಪ್ಪ ಇದ್ದಾಗ್ಲೇ ನಾನು ಹೇಳ್ಬೇಕಾಗಿತ್ತು ಕಣಪ್ಪ."

ಗಂಗರಾಜು ಕೈಯ ಮಣ್ಣು ಕೊಡವಿಕೊಂಡ.

"ಹೇಳ್ಬೇಕಾಗಿತ್ತಮ್ಮ. ಸುಳ್ಳುಗಾರ ಅನ್ನಿಸ್ಕೊಂಡೇ ಹೋದ ನಮ್ಮಪ್ಪ."