ಎದೆಮೂಳೆಯ ಹಿಂದೆ

ದಾಸಮ್ಮ ಮಧ್ಯಾಹ್ನದ ನಿದ್ದೆಯಿಂದ ಎದ್ದಾಗ ಚಾಪೆಯ ಸುತ್ತ ಸುಣ್ಣದ ಪುಡಿ ಬಿದ್ದಿತ್ತು. ತಲೆಯ ಕಡೆ ದಪ್ಪಗೆ, ಕಾಲಿನ ಕಡೆ ತೆಳ್ಳಗೆ. ಎಡಗಣ್ಣಿನ ರೆಪ್ಪೆಯನ್ನು ಬೆರಳಿನಿಂದ ಎತ್ತಿ ಹಿಡಿದು ಅದನ್ನೊಂದು ಸುತ್ತು ನೋಡಿದಳು. ಪಡಸಾಲೆಯ ಆಚೆ, ಹುಳದ ಕೋಣೆಯ ಬಾಗಿಲಲ್ಲಿ, ಅತ್ತೆ ಬೀರಮ್ಮ ಸೊಪ್ಪಿನ ಬುಟ್ಟಿ ಇಳಿಸುತ್ತಿದ್ದಳು.

"ನನ್ನ ಕಡ್ಡೀಲಿ ಎತ್ತಿ ಸುಣ್ಣದ್ ನೀರ್ಗೂ ಹಾಕ್ಬುಡಿ ಅತ್ತೆ. ಅದೊಂದ್ಯಾಕೆ ಬಾಕಿ?"

"ಹಾಕೋ ಹಂಗಿದ್ರೆ ನಿನ್ನ ಕೇಳ್ತಿದ್ನಾ? ಹುಳ ನಾಲ್ಕನೇ ಜ್ವರದಿಂದ ಎದ್ದು ಮೇಯ್ತಾ ಅವೆ. ಈ ಕಡೀಕ್ ಬರ್ಬ್ಯಾಡ."

ಪೊರೆ ಬಿಡಲು ರೇಷ್ಮೆ ಹುಳ ಮಲಗುವುದೇ ಜ್ವರ. ನಾಲ್ಕನೆಯದು ಕಳೆದರೆ ಮೇಯುವುದು, ಹಣ್ಣಾಗುವುದು, ಗೂಡು ಕಟ್ಟುವುದು. ತಿಪ್ಪಸಂದ್ರದ ಸುತ್ತ ರಾಗಿ ಹೊಲಗಳೆಲ್ಲ ಹಿಪ್ಪುನೇರಳೆಯಾಗಿದ್ದ ಕಾಲ ಅದು. ಮನೆಯ ಒಳಗೆ ಹುಳ, ಹೊರಗೆ ಜಗಲಿಯಲ್ಲಿ ಜನ. ಎಲ್ಲರೂ ಹೆದರುತ್ತಿದ್ದುದು ಸಪ್ಪೆರೋಗಕ್ಕೆ. ಚೆನ್ನಾಗಿ ಮೇಯುತ್ತಿದ್ದ ಹುಳ ಇದ್ದಕ್ಕಿದ್ದಂತೆ ಮೆತ್ತಗಾಗಿ, ತಲೆ ಜೋಲಿಸಿ ಬಿದ್ದುಬಿಡುತ್ತಿತ್ತು. ಅಂಥದನ್ನು ಕಡ್ಡಿಯಿಂದ ಎತ್ತಿ ಸುಣ್ಣದ ನೀರಿಗೆ ಹಾಕಿ, ರೋಗ ಹರಡದಂತೆ ಸುತ್ತ ಸುಣ್ಣದ ಪುಡಿ ಉದುರಿಸುತ್ತಿದ್ದರು. ಸೊಸೆಯ ರೆಪ್ಪೆಯೂ ಸಂಜೆಯಾದರೆ ಜೋಲುತ್ತಿತ್ತು. ಕುತ್ತಿಗೆ ನಿಲ್ಲುತ್ತಿರಲಿಲ್ಲ, ಸೊಪ್ಪು ಎತ್ತಿದ ಕೈ ಅರ್ಧದಲ್ಲೇ ಇಳಿಯುತ್ತಿತ್ತು. ಬೀರಮ್ಮನಿಗೆ ಬೇರೆ ಹೆಸರು ಬೇಕಿರಲಿಲ್ಲ. ಪಕ್ಕದ ಮನೆಯ ಅಂಬಮ್ಮನೂ ಈಚೀಚೆಗೆ ಬೀದಿಯಲ್ಲೇ ನಿಂತು ಮಾತಾಡಿ ಹೋಗುತ್ತಿದ್ದಳು.

ಬೆಂಗಳೂರಿನ ಡಾಕ್ಟರಮ್ಮ ಬೇರೆಯದೇ ಹೇಳಿದ್ದಳು. ಮಾತ್ರೆ ಕೊಟ್ಟು, ಆಪರೇಷನ್ನಿಗೆ ಸೋಮವಾರ ಬಂದು ಸೇರಲು ತಿಳಿಸಿದ್ದಳು. ಹುಳ ಹಣ್ಣಾಗುವುದೂ ಅಂದೇ.

ಗಂಡ ಮಾಯಣ್ಣ ಸೊಪ್ಪಿನ ಹೊರೆ ತಂದು ಹಾಕಿ ಅಲ್ಲೇ ಕೂತ.

"ಈ ಬೆಳೆ ಒಂದ್ ಆಗೋಗ್ಲಿ ಕಣಮ್ಮಿ. ಆಮೇಲ್ ಕುಯ್ಸಿದ್ರಾಯ್ತು."

"ಉಸ್ರು ಬೆಳೆ ಕಾಯ್ಕಂಡ್ ಕುಂತಿರಕಿಲ್ಲ. ಕಣ್ಣಾಯ್ತು, ಆಮೇಲ್ ಗಂಟ್ಲು, ಆಮೇಲ್ ಉಸ್ರು ಅಂತ ಡಾಕ್ಟ್ರಮ್ಮ ನಿನ್ ಮುಂದೇನೇ ಹೇಳ್ಲಿಲ್ವಾ? ಸ್ವಾಮಾರ ನಾನ್ ಹೋಯ್ತೀನಿ. ಬಂದ್ರೂ ಸೈ, ಬರ್ದಿದ್ರೂ ಸೈ."

"ಮನೇವ್ರು ಸೈನ್ ಹಾಕ್ಬೇಕು ಅಂದವ್ರೆ."

"ಅದ್ಕೇ ಈಗಿಂದ್ಲೇ ಹೇಳ್ತಾ ಇರೋದು."

ಬೀರಮ್ಮ ಬಾಗಿಲಿನಿಂದಲೇ ಬಾಯಿ ಹಾಕಿದಳು. "ಎದೆಮೂಳೆ ಹಿಂದೆ ದೇವ್ರು ಅದೇನೋ ಗ್ರಂಥಿ ಸುಮ್ಸುಮ್ನೆ ಮಡಗಿದ್ನಾ? ಮೈ ಕಾಯದೇ ಅದು ಅಂತ ನೀನೇ ಅಂದೆ. ತೆಗೆದ್ಬುಟ್ರೆ ಕಾಯೋರ್ಯಾರು?"

"ನಾನೂ ಅದ್ನೇ ಕೇಳ್ದೆ ಅತ್ತೆ." ದಾಸಮ್ಮ ಗೋಡೆಗೆ ತಲೆ ಆನಿಸಿ ಕೂತಳು. ಹೀಗೆ ಕೂತರೆ ಮಾತು ಹೆಚ್ಚು ಹೊತ್ತು ನಡೆಯುತ್ತಿತ್ತು. "ಥೈಮಸ್ಸು ಅಂತಾರಂತೆ. ಮಕ್ಳಲ್ಲಿ ದೊಡ್ಡದಾಗಿರ್ತದೆ. ರಕ್ತದಾಗೆ ಕಾವಲು ಕಾಯೋ ಕಣಗಳು ಅವಲ್ಲ, ಅವು ಅಲ್ಲೇ ಪಳಗಿ ಈಚೆ ಬರೋದು. ನಮ್ಮೋರ್ಯಾರು, ಹೊರಗ್ನೋರ್ಯಾರು ಅಂತ ಅಲ್ಲೇ ಗುರ್ತು ಕಲಿಯೋದು. ಕಲೀದೆ ನಮ್ಮೋರ್ ಮ್ಯಾಲೇ ಬೀಳೋವ್ನ ಅದು ಅಲ್ಲೇ ಆಯ್ದು ಸಾಯಿಸ್ತದೆ, ನೀವ್ ತಟ್ಟೇಲಿ ಕೆಟ್ಟುಳ ಆಯ್ತೀರಲ್ಲ ಹಂಗೆ. ದೊಡ್ಡೋರಾಯ್ತಾ ಆಯ್ತಾ ಅದ್ರ ಕೆಲ್ಸ ಮುಗ್ದು ಕರಗೋಯ್ತದೆ. ಕಲ್ತು ಬಂದಿರೋವು ಆಗ್ಲೇ ಮೈ ತುಂಬ ಅವೆ, ಕಾಯಕ್ಕೆ ಅವೇ ಸಾಕು. ನಂದು ಕರಗದೆ ಬೆಳ್ಕಂಡ್ ಕುಂತೈತೆ. ಆಯೋದ್ರಾಗೆ ತಪ್ಪೈತೆ."

"ತಪ್ಪದು ಅಂದ್ರೆ?"

"ನನ್ ಮೈನೇ ಹೊರಗ್ನೋರು ಅನ್ಕಂಡು ಹೊಡೀತಾ ಅವೆ. ಮನೇವ್ಳ ಚಾಪೆ ಸುತ್ತ ಯಾರೋ ಸುಣ್ಣ ಹಾಕ್ದಂಗೆ."

"ಯಾರೋ ಅಲ್ಲ, ನಾನೇ ಹಾಕಿದ್ದು," ಎಂದಳು ಬೀರಮ್ಮ.

ಮಾಯಣ್ಣನಿಗೆ ನಗು ಬಂತು. ಇಬ್ಬರ ಮುಖವನ್ನೂ ನೋಡಿ ನುಂಗಿಕೊಂಡ.

ಸಂಜೆ ಊಟಕ್ಕೆ ಕೂತಾಗ ದಾಸಮ್ಮ ಮುದ್ದೆಯ ಚಿಕ್ಕ ತುತ್ತು ಮುರಿದು ಸಾರಿನಲ್ಲಿ ಅದ್ದಿ ಬಾಯಿಗಿಟ್ಟಳು. ತುತ್ತು ಇಳಿಯಲಿಲ್ಲ. ಸಾರು ಮೂಗಿನಿಂದ ಹೊರಗೆ ಬಂತು. ಅವಳು ಕೆಮ್ಮಲು ನೋಡಿದಳು, ಕೆಮ್ಮಿಗೂ ಬಲವಿರಲಿಲ್ಲ. ಮಾಯಣ್ಣ ಎದ್ದು ನಿಂತವನು ಏನು ಮಾಡಲೂ ತೋಚದೆ ನಿಂತೇ ಇದ್ದ. ಬೀರಮ್ಮ ಎಡಗೈಯಲ್ಲಿ ಸೊಸೆಯ ತಲೆಯನ್ನು ಮುಂದಕ್ಕೆ ಬಗ್ಗಿಸಿ, ಬಲಗೈ ಬೆರಳನ್ನು ಬಾಯಿಗೆ ಹಾಕಿ ತುತ್ತನ್ನು ತೆಗೆದಳು. ಸ್ವಲ್ಪ ಸುಧಾರಿಸಿಕೊಂಡು ದಾಸಮ್ಮ ಗೋಡೆಯ ಗೂಡಿನಲ್ಲಿದ್ದ ಮಾತ್ರೆಯ ಕಡೆ ಕೈ ತೋರಿಸಿದಳು. ಬೀರಮ್ಮ ಅದನ್ನು ಸೌಟಿನ ಹಿಂಬದಿಯಿಂದ ಅರೆದು, ಗಂಜಿಯಲ್ಲಿ ಕಲಸಿ, ಹನಿ ಹನಿಯಾಗಿ ಗಂಟಲಿಗೆ ಬಿಟ್ಟಳು.

ಆಮೇಲೆ ಎದುರಿಗೇ ಕೂತಳು. ಜ್ವರ ಕಳೆಯುವ ಹೊತ್ತಿನಲ್ಲಿ ಅವಳು ಹುಳದ ಮುಂದೆ ಹೀಗೆ ಕೂರುತ್ತಿದ್ದಳು, ಮನುಷ್ಯರ ಮುಂದೆ ಕೂತದ್ದಿಲ್ಲ.

"ಏನ್ ಹಂಗ್ ನೋಡ್ತೀರಿ?" ದಾಸಮ್ಮನ ದನಿ ಮೂಗಿನಲ್ಲಿತ್ತು.

"ಸುಮ್ಕಿರು."

ಒಲೆಯ ಬೆಂಕಿ ಕೆಂಡಕ್ಕಿಳಿಯಿತು. ಸೊಸೆಯ ಎಡ ರೆಪ್ಪೆ ಮೊದಲು ಒಂದು ಕೂದಲೆಳೆಯಷ್ಟು ಮೇಲಕ್ಕೆ ಸರಿಯಿತು. ನಿಂತಿತು. ಮತ್ತೆ ಸರಿಯಿತು. ಕಣ್ಣಿನ ಕಪ್ಪು ಪೂರ್ತಿ ಕಾಣಿಸಿತು. ದಾಸಮ್ಮ ತಲೆಯನ್ನು ಗೋಡೆಯಿಂದ ಬಿಡಿಸಿ ತಾನೇ ನೆಟ್ಟಗೆ ನಿಲ್ಲಿಸಿದಳು. "ಮುದ್ದೆ ಇದ್ರೆ ಹಾಕಿ," ಎಂದಳು. ದನಿ ಮೂಗಿನಿಂದ ಇಳಿದಿತ್ತು.

ಬೀರಮ್ಮ ತಟ್ಟೆಗೆ ಮುದ್ದೆ ಹಾಕಿದಳು. ಮೊದಲ ತುತ್ತು ಗಂಟಲಲ್ಲಿ ಇಳಿಯುವುದನ್ನು ನೋಡಿದಳು. ಎರಡನೆಯದನ್ನೂ ನೋಡಿದಳು.

"ಸಪ್ಪೆ ಬಿದ್ದ ಹುಳ ಎದ್ದಿದ್ದ ನಾನ್ ಹುಟ್ಟಿದಾಗಿಂದ ಕಂಡಿಲ್ಲ," ಎಂದಳು. "ಇದು ಸಪ್ಪೆ ಅಲ್ಲ ಕಣ್ಲಾ ಮಾಯ."

"ನಾ ಹೇಳ್ಲಿಲ್ವಾ?"

"ನೀನೆಲ್ ಹೇಳ್ದೆ? ಹೇಳಿದ್ದು ಇವ್ಳು." ಸೊಸೆಯ ಕಡೆ ತಿರುಗಿದಳು. "ಕುಯ್ದ್ ತಕ್ಷಣ ವಾಸಿ ಆಯ್ತದಾ?"

"ಇಲ್ಲ. ಒಸಿ ಒಸಿಯಾಗಿ ಅಂತೆ. ವರ್ಸ ಹಿಡಿದ್ರೂ ಹಿಡೀಬೋದು. ಮಾತ್ರೆನೂ ನುಂಗ್ತಾನೇ ಇರ್ಬೇಕು."

"ಹಂಗಾದ್ರೆ ತಡ ಯಾಕೆ? ಸ್ವಾಮಾರ ನಾನೇ ಬತ್ತೀನಿ. ಹೆಬ್ಬೆಟ್ ಒತ್ತುದ್ರೆ ಆಯ್ತದಲ್ವಾ?"

ಮಾಯಣ್ಣ ತಾಯಿಯನ್ನು ನೋಡಿದ. "ಹುಳ ಹಣ್ಣಾಗೋ ದಿನ ನೀನ್ ಹೊಸ್ಲು ದಾಟಿದ್ದುಂಟೇನವ್ವ?"

"ಇಲ್ಲ. ಹಣ್ಣುಳ ಆಯ್ದು ಗೂಡ್ ಕಟ್ಟೋ ಚಂದ್ರಿಕೆ ತಟ್ಟಿಗೆ ಬುಡಕ್ಕೆ ನಿಂಗೇನ್ ಕೈ ಇಲ್ವಾ? ಅಂಬಮ್ಮನ್ನ ಕರ್ಕೊ. ಬೀದೀಲಿ ನಿಂತ್ಕಂಡ್ರೆ ನಾನ್ ಹೇಳ್ದೆ ಅಂತ ಒಳೀಕ್ ಕರಿ."

ಸೋಮವಾರ ಬಸ್ಸು ಮಾಗಡಿ ದಾಟುವಾಗ ಚೆನ್ನಾಗಿ ಬೆಳಕಾಗಿತ್ತು. ಬೆಳಗಿನ ಹೊತ್ತು ದಾಸಮ್ಮನಿಗೆ ಶಕ್ತಿ ಇರುತ್ತಿತ್ತು. ಬಲಗಡೆ ಸಾವನದುರ್ಗದ ಬಂಡೆ ಎಷ್ಟೋ ಹೊತ್ತು ಜೊತೆಗೇ ಬಂತು, ಅದನ್ನು ಅವಳು ಎರಡು ಕಣ್ಣಲ್ಲೂ ನೋಡಿದಳು. ಹುಳದ ಹಿಂದೆ ವಾರವೆಲ್ಲ ನಿದ್ದೆಗೆಟ್ಟಿದ್ದ ಬೀರಮ್ಮ ಟಿಕೆಟ್ಟನ್ನು ಮುಷ್ಟಿಯಲ್ಲಿ ಹಿಡಿದೇ ಮಲಗಿಬಿಟ್ಟಿದ್ದಳು. ಬಾಯಿ ತೆರೆದಿತ್ತು. ತಲೆ ನಿಧಾನವಾಗಿ ವಾಲಿ ಸೊಸೆಯ ಹೆಗಲ ಮೇಲೆ ಬಂದು ಕೂತಿತು, ಪೂರ್ತಿ ಭಾರ ಬಿಟ್ಟು.

ದಾಸಮ್ಮ ಬೆನ್ನು ನೆಟ್ಟಗೆ ಮಾಡಿಕೊಂಡಳು. ತಿರುವಿನಲ್ಲಿ ಬಸ್ಸು ಒಂದು ಕಡೆಗೆ ಬಾಗಿತು, ಜನ ಕಂಬಿ ಹಿಡಿದುಕೊಂಡರು. ಅವಳ ಹೆಗಲ ಮೇಲಿನ ತಲೆ ಜಾರಲಿಲ್ಲ.